ಡಿಕ್ರಿ ಕೈಯಲ್ಲಿದೆ, ದಾರಿಗೆ ಬೀಗ ಬಿದ್ದಿದೆ

ಪ್ರಶ್ನೆ: ಸಾಗರ ತಾಲ್ಲೂಕಿನಲ್ಲಿ ನಮಗೆ ಒಂದು ಎಕರೆ ಹತ್ತು ಗುಂಟೆ ಅಡಿಕೆ ತೋಟವಿದೆ. ಪಕ್ಕದವರ ಜಮೀನಿನ ಅಂಚಿನಲ್ಲಿ ತೋಟಕ್ಕೆ ಹತ್ತು ಅಡಿಯ ಗಾಡಿದಾರಿ ನಮ್ಮ ಮಾವನವರ ಕಾಲದಿಂದಲೂ ಇತ್ತು. ಪಕ್ಕದವರು ಅಡ್ಡಲಾಗಿ ಅಗಳ ತೋಡಿ ಬೇಲಿ ಹಾಕಿದರು. ದಾವೆ ಹೂಡಿ ಗೆದ್ದೆವು. ನಮಗೆ ದಾರಿಯ ಹಕ್ಕಿದೆ ಎಂದು ಘೋಷಿಸಿ, ಅಡ್ಡಿಪಡಿಸಬಾರದೆಂದು ಶಾಶ್ವತ ನಿರ್ಬಂಧಕಾಜ್ಞೆ ಕೊಟ್ಟು, ಎರಡು ತಿಂಗಳೊಳಗೆ ಅಗಳ ಮುಚ್ಚಿ ಬೇಲಿ ತೆಗೆಯಬೇಕೆಂದು ನ್ಯಾಯಾಲಯ ಹೇಳಿದೆ. ತೀರ್ಪು ಬಂದು ಎರಡು ವರ್ಷ ಏಳು ತಿಂಗಳಾಯಿತು. ಅಗಳ ಹಾಗೆಯೇ ಇದೆ. ಈಗ ಉಣಗೋಲು (ಗಳುಗಳ ಗೇಟು) ಇಟ್ಟು ಸರಪಳಿ ಸುತ್ತಿ ಬೀಗವನ್ನೂ ಹಾಕಿದ್ದಾರೆ. ಅವರು ಮೇಲ್ಮನವಿ ಹಾಕಿದ್ದರು, ತಡೆಯಾಜ್ಞೆ ಸಿಕ್ಕಿಲ್ಲ. ಕಳೆದ ವರ್ಷ ಅವರು ತೀರಿಕೊಂಡರು. ‘ತೀರ್ಪು ಇದ್ದದ್ದು ಅಪ್ಪನ ಮೇಲೆ, ನಮ್ಮ ಮೇಲಲ್ಲ, ನಿಮಗೆ ಹೊಳೆಯ ಕಡೆಯಿಂದ ಬೇರೆ ರಸ್ತೆಯೂ ಆಗಿದೆ’ ಎಂದು ಮಕ್ಕಳು ಹೇಳುತ್ತಾರೆ. ಪೊಲೀಸರು ‘ಇದು ಸಿವಿಲ್ ವಿಷಯ’ ಎಂದು ಕಳುಹಿಸುತ್ತಾರೆ. ಅಡಿಕೆ ಕೊಯ್ಲಿಗೆ ಮೊದಲು ನಾವೇ ಜೆಸಿಬಿ ತಂದು ಅಗಳ ಮುಚ್ಚಬಹುದೇ?

ಉತ್ತರ: ಜೆಸಿಬಿ ತರಬೇಡಿ. ಗೆದ್ದವರು ತಮ್ಮ ದಾರಿಯ ಮಣ್ಣನ್ನು ತಾವೇ ಸರಿ ಮಾಡಿಕೊಂಡರೆ ತಪ್ಪೇನು ಎಂದು ನಿಮಗೆ ಅನ್ನಿಸುವುದು ಸಹಜ. ಆದರೆ 1882ರ ಭಾರತೀಯ ಈಸ್‌ಮೆಂಟ್ ಕಾಯ್ದೆಯ (ಈಸ್‌ಮೆಂಟ್ ಎಂದರೆ ಬೇರೆಯವರ ನೆಲವನ್ನು ಬಳಸುವ ಹಕ್ಕು) 36ನೆಯ ಕಲಮು ಈ ಮಾತನ್ನು ಅನುಮಾನಕ್ಕೆ ಎಡೆಯಿಲ್ಲದಂತೆ ಹೇಳಿಬಿಟ್ಟಿದೆ: ದಾರಿಯ ಹಕ್ಕುಳ್ಳವರು ಆ ದಾರಿಗೆ ಬಂದ ಅಕ್ರಮ ಅಡ್ಡಿಯನ್ನು ತಾವೇ ನಿವಾರಿಸಿಕೊಳ್ಳುವಂತಿಲ್ಲ. ದಾರಿ ಹಾದುಹೋಗುವ ನೆಲ ಈಗಲೂ ಅವರದೇ. ನಿಮ್ಮದಾಗಿರುವುದು ಅದರ ಮೇಲೆ ಹೋಗಿಬರುವ ಹಕ್ಕು ಮಾತ್ರ. ನೀವು ಬೇಲಿ ಕಿತ್ತ ಮರುದಿನವೇ ಅತಿಕ್ರಮ ಪ್ರವೇಶ, ಆಸ್ತಿ ನಷ್ಟ ಎಂದು ಠಾಣೆಯಲ್ಲಿ ದೂರು ದಾಖಲಾಗುತ್ತದೆ. ಅಷ್ಟು ದಿನ ‘ಸಿವಿಲ್ ವಿಷಯ’ ಎನ್ನುತ್ತಿದ್ದವರೇ ಆಗ ನಿಮ್ಮನ್ನು ಕರೆಸುತ್ತಾರೆ. ಗೆದ್ದ ಪಕ್ಷ ಜಾಮೀನಿಗೆ ಅಲೆಯುವುದನ್ನು ನಾನು ಒಂದಲ್ಲ, ಹಲವು ಸಲ ನೋಡಿದ್ದೇನೆ.

ಆದರೆ ನಿಮ್ಮ ಪತ್ರದಲ್ಲಿ ನನ್ನನ್ನು ನಿಜವಾಗಿ ಬೆಚ್ಚಿಸಿದ್ದು ಜೆಸಿಬಿಯಲ್ಲ. ‘ಎರಡು ವರ್ಷ ಏಳು ತಿಂಗಳು’ ಎಂಬ ಲೆಕ್ಕ. ಅದಕ್ಕೇ ಮೊದಲು ಬರುತ್ತೇನೆ.

ಡಿಕ್ರಿಯ, ಎಂದರೆ ತೀರ್ಪಿನ ಅಂತಿಮ ಆದೇಶ ಪತ್ರದ, ಕೊನೆಯ ಪುಟವನ್ನು ತೆಗೆದು ಅದರಲ್ಲಿರುವ ಕ್ರಿಯಾಪದಗಳನ್ನಷ್ಟೇ ಓದಿ. ನೀವು ಬರೆದ ಪ್ರಕಾರ ಅಲ್ಲಿ ಮೂರಿವೆ: ‘ಘೋಷಿಸಲಾಗಿದೆ’, ‘ಅಡ್ಡಿಪಡಿಸಬಾರದು’, ‘ತೆಗೆಯಬೇಕು’. ನೋಡಲು ಒಂದೇ ತೀರ್ಪಾದರೂ ಈ ಮೂರಕ್ಕೂ ಆಯುಸ್ಸು ಬೇರೆ ಬೇರೆ. ಘೋಷಣೆ ನಿಮ್ಮ ಹಕ್ಕನ್ನು ಹೇಳುತ್ತದೆ, ಯಾರ ಕೈಯಿಂದಲೂ ಏನನ್ನೂ ಮಾಡಿಸುವುದಿಲ್ಲ. ಬರೀ ಘೋಷಣೆ ಮಾತ್ರ ಇರುವ ಡಿಕ್ರಿಯನ್ನು ಜಾರಿ ಮಾಡಿಸಲು ಬರುವುದೇ ಇಲ್ಲ. ದಾವೆಯಲ್ಲಿ ನಿರ್ಬಂಧಕಾಜ್ಞೆಯನ್ನೂ ಕೇಳಿದ ನಿಮ್ಮ ವಕೀಲರಿಗೆ ಒಂದು ನಮಸ್ಕಾರ ಹೇಳಿ. ‘ಅಡ್ಡಿಪಡಿಸಬಾರದು’ ಎಂಬುದು ಶಾಶ್ವತ ನಿರ್ಬಂಧಕಾಜ್ಞೆ. 1963ರ ಕಾಲಮಿತಿ ಕಾಯ್ದೆಯ 136ನೆಯ ವಿಧಿ ಸಾಮಾನ್ಯ ಡಿಕ್ರಿಗಳ ಜಾರಿಗೆ 12 ವರ್ಷ ಕೊಡುತ್ತದೆ. ಶಾಶ್ವತ ನಿರ್ಬಂಧಕಾಜ್ಞೆಗೆ ಮಾತ್ರ ಕಾಲಮಿತಿಯೇ ಇಲ್ಲ ಎಂದು ಅದೇ ವಿಧಿ ಹೇಳುತ್ತದೆ.

ಮೂರನೆಯದು, ‘ತೆಗೆಯಬೇಕು’ ಎಂಬುದು, ಆಜ್ಞಾಪಕ ನಿರ್ಬಂಧಕಾಜ್ಞೆ. ಅದರ ಜಾರಿಗೆ ಕೇಳಲು ಅದೇ ಕಾಯ್ದೆಯ 135ನೆಯ ವಿಧಿ ಕೊಡುವುದು ಬರೀ ಮೂರು ವರ್ಷ. ಡಿಕ್ರಿಯಲ್ಲಿ ಗಡುವು ಹಾಕಿದ್ದರೆ ಆ ಗಡುವಿನ ದಿನದಿಂದ, ಇಲ್ಲದಿದ್ದರೆ ಡಿಕ್ರಿಯ ದಿನದಿಂದ ಎಣಿಕೆ. ನಿಮ್ಮದರಲ್ಲಿ ಎರಡು ತಿಂಗಳ ಗಡುವಿದೆ. ಎಂದರೆ ಎರಡು ವರ್ಷ ಐದು ತಿಂಗಳು ಕಳೆದಿವೆ, ಏಳು ತಿಂಗಳು ಉಳಿದಿವೆ. ಈ ಏಳು ತಿಂಗಳು ಜಾರಿದರೆ ‘ತಡವಾಯಿತು, ಮನ್ನಿಸಿ’ ಎಂದು ಕೇಳಲೂ ಆಗುವುದಿಲ್ಲ. ವಿಳಂಬ ಮನ್ನಾ ಮಾಡುವ 5ನೆಯ ಕಲಮು, ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೆಯ ಆದೇಶದ (ಆ ಸಂಹಿತೆಯ ಅಧ್ಯಾಯಗಳಿಗೆ ‘ಆದೇಶ’ ಎಂದೇ ಹೆಸರು; ಇದು ಡಿಕ್ರಿ ಜಾರಿಯ ಅಧ್ಯಾಯ) ಅರ್ಜಿಗಳನ್ನು ಹೆಸರಿಟ್ಟು ಹೊರಗಿಟ್ಟಿದೆ. ಮೇಲ್ಮನವಿ ತೀರ್ಮಾನವಾದಾಗ ಹೊಸ ಡಿಕ್ರಿ ಬರುತ್ತದೆ, ಎಣಿಕೆ ಆಗಿನಿಂದ ಶುರುವಾಗುತ್ತದೆ ಎಂದು ಯಾರಾದರೂ ಸಮಾಧಾನ ಹೇಳಬಹುದು. ಮೇಲ್ಮನವಿ ವಿಚಾರಣೆಯಾಗಿ ತೀರ್ಪು ಬಂದರೆ ಆ ವಾದಕ್ಕೆ ಬಲವಿದೆ. ನಿಮ್ಮ ಪ್ರಕರಣದಲ್ಲಿ ಮೇಲ್ಮನವಿ ಹಾಕಿದವರೇ ಇಲ್ಲವಾಗಿದ್ದಾರೆ. ಆ ಮೇಲ್ಮನವಿ ಬದುಕಿದೆಯೇ ಎಂಬುದೇ ಗೊತ್ತಿಲ್ಲದಿರುವಾಗ ಅದರ ನೆರಳಿನಲ್ಲಿ ಕೂರಬೇಡಿ.

ನನ್ನ ಕಕ್ಷಿದಾರರೊಬ್ಬರು ಡಿಕ್ರಿಯ ಪ್ರತಿಗೆ ಲ್ಯಾಮಿನೇಶನ್ ಮಾಡಿಸಿ ದೇವರ ಮನೆಯ ಬಿರುವಿನಲ್ಲಿ ಇಟ್ಟಿದ್ದರು. ದಾರಿಗೆ ಅಡ್ಡ ಕಟ್ಟಿದ್ದ ಕಲ್ಲಿನ ಕಟ್ಟೆ ತೆಗೆಸಬೇಕೆಂದು ಅದನ್ನು ಹಿಡಿದುಕೊಂಡು ಬಂದದ್ದು ನಾಲ್ಕು ವರ್ಷದ ಮೇಲೆ. ಕಾಗದ ಹೊಸದರಂತೆ ಇತ್ತು. ಅದರೊಳಗಿನ ಒಂದು ಸಾಲು ಮಾತ್ರ ಸತ್ತು ವರ್ಷವಾಗಿತ್ತು.

ಈ ಭೇದ ನಿಮ್ಮ ಜಾಗದಲ್ಲಿ ಹೇಗೆ ಕಾಣುತ್ತದೆ ನೋಡಿ. ಅಗಳ ಮತ್ತು ಬೇಲಿ ದಾವೆಗಿಂತ ಮೊದಲಿನವು. ಅವನ್ನು ತೆಗೆಸುವ ಆಧಾರ ‘ತೆಗೆಯಬೇಕು’ ಎಂಬ ಸಾಲು, ಅದಕ್ಕೆ ಏಳು ತಿಂಗಳು ಉಳಿದಿದೆ. ಉಣಗೋಲು, ಸರಪಳಿ, ಬೀಗ ಡಿಕ್ರಿಯ ನಂತರದವು; ಅವು ‘ಅಡ್ಡಿಪಡಿಸಬಾರದು’ ಎಂಬ ಸಾಲಿನ ಉಲ್ಲಂಘನೆ, ಅದಕ್ಕೆ ಕಾಲಮಿತಿ ಇಲ್ಲ. ಅರ್ಜಿಯಲ್ಲಿ ಇವೆರಡನ್ನೂ ಬೇರೆ ಬೇರೆ ಪ್ಯಾರಾಗಳಲ್ಲಿ, ಯಾವುದು ಯಾವ ಸಾಲಿಗೆ ಸೇರಿದ್ದು ಎಂದು ಬಿಡಿಸಿ ಬರೆಸಿ. ಎಲ್ಲವನ್ನೂ ‘ಅಡ್ಡಿ ಮಾಡಿದ್ದಾರೆ’ ಎಂಬ ಒಂದೇ ಬುಟ್ಟಿಗೆ ತುಂಬಿದರೆ ಎದುರಿನ ವಕೀಲರಿಗೆ ಗೊಂದಲ ಹುಟ್ಟಿಸುವುದು ಸುಲಭವಾಗುತ್ತದೆ.

ಇನ್ನು ಮಕ್ಕಳ ಮಾತು. ‘ತೀರ್ಪು ಅಪ್ಪನ ಮೇಲೆ’ ಎಂಬ ವಾದಕ್ಕೆ ಒಂದು ಕಾಲದಲ್ಲಿ ಸ್ವಲ್ಪ ಜೀವವಿತ್ತು. ನಿರ್ಬಂಧಕಾಜ್ಞೆ ವ್ಯಕ್ತಿಯನ್ನು ಕಟ್ಟುತ್ತದೆ, ಭೂಮಿಯನ್ನಲ್ಲ, ಆದ್ದರಿಂದ ವ್ಯಕ್ತಿ ಹೋದರೆ ಆಜ್ಞೆಯೂ ಹೋಯಿತು ಎಂದು ವಾದಿಸುತ್ತಿದ್ದರು. ಕರ್ನಾಟಕದಿಂದಲೇ ಹೋದ ಒಂದು ಮೇಲ್ಮನವಿಯಲ್ಲಿ 2017ರಲ್ಲಿ ಸುಪ್ರೀಂ ಕೋರ್ಟ್ ಈ ವಾದದ ಬಾಗಿಲು ಹಾಕಿತು. ವಿವಾದ ಆಸ್ತಿಯ ಹಕ್ಕಿಗೆ ಸೇರಿದ್ದಾಗಿ, ಆ ಹಕ್ಕು ವಾರಸುದಾರರಿಗೆ ಇಳಿದು ಬರುವಂಥದ್ದಾದರೆ, ಶಾಶ್ವತ ನಿರ್ಬಂಧಕಾಜ್ಞೆಯನ್ನು ಸಂಹಿತೆಯ 50ನೆಯ ಕಲಮಿನಡಿ ಸೋತವರ ವಾರಸುದಾರರ ಮೇಲೆಯೂ ಜಾರಿ ಮಾಡಬಹುದು ಎಂದಿತು. ಅಪ್ಪನ ಜಮೀನು ಬೇಕು, ಜಮೀನಿನ ಮೇಲಿನ ಡಿಕ್ರಿ ಬೇಡ ಎಂದರೆ ನಡೆಯುವುದಿಲ್ಲ.

ಇದಕ್ಕಿಂತ ಚುರುಕಾದ ಉತ್ತರ ನಿಮ್ಮ ಕೈಯಲ್ಲೇ ಇರಬಹುದು. ಮೇಲ್ಮನವಿದಾರರು ತೀರಿಕೊಂಡ ಮೇಲೆ 90 ದಿನಗಳೊಳಗೆ ಮಕ್ಕಳು ವಾರಸುದಾರರಾಗಿ ಅರ್ಜಿ ಹಾಕಿ ಕಡತಕ್ಕೆ ಸೇರಿಕೊಳ್ಳಬೇಕಿತ್ತು. ಸೇರಿಕೊಂಡಿದ್ದರೆ, ಅಪ್ಪನ ಜಾಗದಲ್ಲಿ ನಿಂತು ಡಿಕ್ರಿಯ ವಿರುದ್ಧ ಹೋರಾಡುತ್ತಿರುವವರು ಆ ಡಿಕ್ರಿ ತಮಗೆ ಸಂಬಂಧವಿಲ್ಲ ಎಂದು ಕೆಳಗಿನ ನ್ಯಾಯಾಲಯದಲ್ಲಿ ಯಾವ ಬಾಯಲ್ಲಿ ಹೇಳಿಯಾರು? ಸೇರಿಕೊಳ್ಳದಿದ್ದರೆ ಮೇಲ್ಮನವಿ ತಾನಾಗಿಯೇ ಬಿದ್ದುಹೋಗಿದೆ. ತಡವನ್ನು ಮನ್ನಿಸಿ ಮತ್ತೆ ಎತ್ತಿಕೊಡಿ ಎಂದು ಅವರೇ ಬೇಡಬೇಕು. ಎರಡರಲ್ಲಿ ಯಾವುದೇ ಆದರೂ ಲಾಭ ನಿಮಗೇ. ಈ ವಾರವೇ ನಿಮ್ಮ ವಕೀಲರಿಂದ ಮೇಲ್ಮನವಿಯ ಆದೇಶ ಹಾಳೆಯನ್ನು ಓದಿಸಿ.

ತಡೆಯಾಜ್ಞೆಯ ಬಗ್ಗೆ ಹೆಚ್ಚು ಹೇಳಬೇಕಿಲ್ಲ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ ಎಂದು 41ನೆಯ ಆದೇಶದ 5ನೆಯ ನಿಯಮ ಹೇಳುತ್ತದೆ. ಊರಲ್ಲಿ ‘ಕೇಸು ಮೇಲೆ ಹೋಗಿದೆ’ ಎಂಬ ಮಾತಿಗೆ ಇರುವ ತೂಕ ಕಾನೂನಿನಲ್ಲಿ ಇಲ್ಲ.

‘ಹೊಳೆಯ ಕಡೆಯಿಂದ ಬೇರೆ ರಸ್ತೆ ಆಗಿದೆ’ ಎಂಬುದನ್ನು ಮಾತ್ರ ತಾಳ್ಮೆಯಿಂದ ನೋಡಬೇಕು. ನಿಮ್ಮ ಹಕ್ಕು ಯಾವ ಆಧಾರದ ಮೇಲೆ ಸಿಕ್ಕಿತು ಎಂದು ತೀರ್ಪಿನ ಒಳಗೆ ಹುಡುಕಿ. ಒಂದೇ ಜಮೀನು ಪಾಲಾಗಿ ಬೇರೆ ದಾರಿಯೇ ಇಲ್ಲದೆ ಹುಟ್ಟಿದ ಹಕ್ಕಾದರೆ ಅದು ಅನಿವಾರ್ಯತೆಯ ಹಕ್ಕು. ಅನಿವಾರ್ಯತೆ ಮುಗಿದರೆ ಹಕ್ಕೂ ಮುಗಿಯುತ್ತದೆ ಎಂದು ಈಸ್‌ಮೆಂಟ್ ಕಾಯ್ದೆಯ 41ನೆಯ ಕಲಮು ಹೇಳುತ್ತದೆ. 20 ವರ್ಷಕ್ಕೂ ಹೆಚ್ಚು ಕಾಲ ಯಾರ ತಡೆಯೂ ಇಲ್ಲದೆ, ಹಕ್ಕಿನಿಂದ, ಬಹಿರಂಗವಾಗಿ ಓಡಾಡಿದ್ದರಿಂದ ಬಂದ ಹಕ್ಕಾದರೆ ಅದು ರೂಢಿಯಿಂದ ಗಳಿಸಿದ್ದು. ಪಕ್ಕದಲ್ಲಿ ಹತ್ತು ಹೊಸ ರಸ್ತೆ ಬಂದರೂ ಅದು ಅಳಿಯುವುದಿಲ್ಲ. ‘ಮಾವನವರ ಕಾಲದಿಂದಲೂ’ ಎಂದು ನೀವು ಬರೆದಿರುವುದರಿಂದ ನಿಮ್ಮದು ಎರಡನೆಯದೇ ಎಂದು ತೋರುತ್ತದೆ. ಅದಲ್ಲದೆ, ಜಾರಿ ನ್ಯಾಯಾಲಯ ಡಿಕ್ರಿಯನ್ನು ಇದ್ದಂತೆ ಜಾರಿ ಮಾಡಬೇಕೇ ಹೊರತು ಅದು ಸರಿಯೋ ತಪ್ಪೋ ಎಂದು ಮರುವಿಚಾರಣೆ ಮಾಡುವಂತಿಲ್ಲ.

ಇಷ್ಟಾದ ಮೇಲೆ ಮುಖ್ಯ ಕೆಲಸ, ಅಮಲ್ಜಾರಿ ಅರ್ಜಿ, ಎಂದರೆ ಡಿಕ್ರಿಯನ್ನು ಜಾರಿ ಮಾಡಿಸಿ ಎಂದು ಕೇಳುವ ಅರ್ಜಿ. ಡಿಕ್ರಿ ಕೊಟ್ಟ ನ್ಯಾಯಾಲಯದಲ್ಲಿಯೇ ಹಾಕಬೇಕು. ಡಿಕ್ರಿಯಾಗಿ ಎರಡು ವರ್ಷ ಮೀರಿದೆ, ಎದುರಾಳಿ ವಾರಸುದಾರರು; ಈ ಎರಡೂ ಕಾರಣಕ್ಕೆ ಮೊದಲು ಅವರಿಗೆ ನೋಟಿಸ್ ಹೋಗಲೇಬೇಕು. ಆದ್ದರಿಂದ ‘ನಾಳೆಯೇ ಅಮೀನರು (ಆದೇಶ ಜಾರಿ ಮಾಡುವ ನ್ಯಾಯಾಲಯದ ಸಿಬ್ಬಂದಿ) ಬರುತ್ತಾರೆ’ ಎಂದು ಕಾಯಬೇಡಿ. ಮೇಲ್ಮನವಿ ಇರುವ ಸಂಗತಿಯನ್ನು ಅರ್ಜಿಯಲ್ಲಿ ಮುಚ್ಚಿಡಬೇಡಿ. ಅದನ್ನು ಹೇಳಲೆಂದೇ ನಮೂನೆಯಲ್ಲಿ ಒಂದು ಕಲಂ ಇದೆ. ಇನ್ನೊಂದು ತಪ್ಪು ಪದೇ ಪದೇ ನಡೆಯುತ್ತದೆ: ಹಳೆಯ ಅರ್ಜಿಯೊಂದನ್ನು ನಕಲು ಮಾಡಿ ‘ಸ್ವಾಧೀನ ಕೊಡಿಸಿ’ ಎಂದು ಕೇಳುವುದು. ನಿಮ್ಮ ಡಿಕ್ರಿ ಸ್ವಾಧೀನದ್ದಲ್ಲ. ನೀವು ಕೇಳಬೇಕಾದ್ದು 21ನೆಯ ಆದೇಶದ 32ನೆಯ ನಿಯಮದಡಿ.

ಆ ನಿಯಮದಲ್ಲಿ ಮೂರು ಅಸ್ತ್ರಗಳಿವೆ. ಪಾಲಿಸಲು ಅವಕಾಶವಿದ್ದೂ ಬೇಕೆಂದೇ ಪಾಲಿಸದವರನ್ನು ಸಿವಿಲ್ ಕಾರಾಗೃಹಕ್ಕೆ ಕಳುಹಿಸಬಹುದು. ಅವರ ಆಸ್ತಿಯನ್ನು ಜಪ್ತಿ ಮಾಡಬಹುದು. ಆರು ತಿಂಗಳಾದರೂ ಬಗ್ಗದಿದ್ದರೆ ಮಾರಿ ನಿಮಗೆ ಪರಿಹಾರ ಕೊಡಿಸಬಹುದು. ಮೂರನೆಯದು 5ನೆಯ ಉಪನಿಯಮ: ಆಗಬೇಕಾದ ಕೆಲಸವನ್ನು ಡಿಕ್ರಿದಾರರಿಂದಲೋ ನ್ಯಾಯಾಲಯ ನೇಮಿಸಿದ ಬೇರೊಬ್ಬರಿಂದಲೋ ಮಾಡಿಸಿ, ಖರ್ಚನ್ನು ಸೋತವರಿಂದ ವಸೂಲು ಮಾಡುವುದು.

ಬಂದ ಕಕ್ಷಿದಾರರೆಲ್ಲ ಕೇಳುವುದು ಮೊದಲನೆಯದನ್ನು. ‘ಸರ್, ಒಂದು ದಿನವಾದರೂ ಒಳಗೆ ಕೂರಿಸಿ’ ಎನ್ನುತ್ತಾರೆ. ಸಿಟ್ಟು ನನಗೆ ಅರ್ಥವಾಗುತ್ತದೆ. ಆದರೆ ಬೇಕೆಂದೇ ಉಲ್ಲಂಘಿಸಿದರು ಎಂದು ಸಾಕ್ಷಿ ನಡೆಸಿ ರುಜುವಾತು ಮಾಡಬೇಕು, ಮಕ್ಕಳಲ್ಲಿ ಬೀಗ ಹಾಕಿದವರು ಯಾರೆಂದು ತೋರಿಸಬೇಕು, ಬಂಧನಕ್ಕೆ ಮೊದಲು ಅವರ ಊಟದ ಭತ್ಯೆಯನ್ನು ನೀವೇ ನ್ಯಾಯಾಲಯಕ್ಕೆ ಕಟ್ಟಬೇಕು! ಇಷ್ಟೆಲ್ಲ ಆಗಿ ಅವರು ಒಳಗೆ ಹೋಗಿ ಬಂದರೂ ಅಗಳ ಅಲ್ಲೇ ಇರುತ್ತದೆ, ಊರಿನ ಕರುಣೆ ಮಾತ್ರ ಅವರ ಕಡೆ ಹೋಗಿರುತ್ತದೆ. ಮೂರನ್ನೂ ಅರ್ಜಿಯಲ್ಲಿ ಕೇಳಿ, ಒತ್ತುವುದು ಮಾತ್ರ 5ನೆಯ ಉಪನಿಯಮವನ್ನು. ನೀವು ತರಲು ಹೊರಟಿದ್ದ ಅದೇ ಜೆಸಿಬಿ ಆಗ ನ್ಯಾಯಾಲಯದ ಆದೇಶ ಹಿಡಿದು ಬರುತ್ತದೆ, ಬಾಡಿಗೆ ಅವರ ಲೆಕ್ಕಕ್ಕೆ ಹೋಗುತ್ತದೆ. ‘ಮಾಡಬಾರದು’ ಎಂಬ ಆಜ್ಞೆಗೆ ಈ ಉಪನಿಯಮ ಅನ್ವಯಿಸುತ್ತದೆಯೇ ಎಂದು ಹಿಂದೆ ತಕರಾರು ಇತ್ತು. 2002ರ ತಿದ್ದುಪಡಿಯಲ್ಲಿ ಒಂದು ವಿವರಣೆ ಸೇರಿಸಿ, ನಿಷೇಧಿಸುವ ಆಜ್ಞೆ, ಮಾಡಿಸುವ ಆಜ್ಞೆ ಎರಡಕ್ಕೂ ಅನ್ವಯಿಸುತ್ತದೆ ಎಂದು ಸಂಸತ್ತು ಸ್ಪಷ್ಟಪಡಿಸಿದೆ. ಹಾಗಾಗಿ ಬೀಗವೂ ಇದೇ ಆದೇಶದಲ್ಲಿ ಹೋಗಬಹುದು.

ಅರ್ಜಿಯ ಜೊತೆಗೆ ಇನ್ನೆರಡು ಮಧ್ಯಂತರ ಅರ್ಜಿಗಳು ಇರಲಿ. ಒಂದು, ಸ್ಥಳ ನೋಡಿ ವರದಿ ಕೊಡುವ ಕೋರ್ಟ್ ಕಮಿಷನರ್ ನೇಮಕಕ್ಕೆ, ತಾಲ್ಲೂಕು ಸರ್ವೇಯರ್ ನೆರವಿನೊಂದಿಗೆ. 26ನೆಯ ಆದೇಶದ 18ಎ ನಿಯಮದಿಂದಾಗಿ ಜಾರಿ ಹಂತದಲ್ಲಿಯೂ ಇದಕ್ಕೆ ಅವಕಾಶವಿದೆ. ಇನ್ನೊಂದು, ಪೊಲೀಸ್ ರಕ್ಷಣೆಗೆ, 151ನೆಯ ಕಲಮಿನಡಿ. ಠಾಣೆಯವರು ಇಷ್ಟು ದಿನ ಹೇಳಿದ್ದು ಪೂರ್ತಿ ಸುಳ್ಳಲ್ಲ; ನಿಮ್ಮ ಡಿಕ್ರಿ ಅವರಿಗೆ ಕೊಟ್ಟ ಆದೇಶವಲ್ಲ. ಠಾಣಾಧಿಕಾರಿಗೆ ನ್ಯಾಯಾಲಯದಿಂದ ನೇರ ನಿರ್ದೇಶನ ಬಂದ ದಿನ ಅದು ಸಿವಿಲ್ ವಿಷಯವಾಗಿ ಉಳಿಯುವುದಿಲ್ಲ. ಅದಕ್ಕೆ ಮೊದಲೇ ಒಂದು ಸಂಗತಿಯನ್ನು ಲಿಖಿತ ದೂರಿನಲ್ಲಿ ಹೇಳಬಹುದು. ಹೋಗುವ ಹಕ್ಕಿರುವವರನ್ನು ಅಡ್ಡಗಟ್ಟುವುದು ಭಾರತೀಯ ನ್ಯಾಯ ಸಂಹಿತೆಯ 126ನೆಯ ಕಲಮಿನಡಿ ಅಪರಾಧ. ಖಾಸಗಿ ದಾರಿಯನ್ನು ತಡೆಯುವ ಹಕ್ಕು ತನಗಿದೆ ಎಂದು ಸದ್ಭಾವನೆಯಿಂದ ನಂಬಿದವರಿಗೆ ಅಲ್ಲಿ ವಿನಾಯಿತಿ ಇದೆ. ಡಿಕ್ರಿಯ ಪ್ರತಿ ಮನೆಗೆ ಬಂದ ಮೇಲೆ ಆ ಸದ್ಭಾವನೆಗೆ ಎಷ್ಟು ಜಾಗ ಉಳಿದೀತು?

ಸರ್ವೇಯರ್ ವಿಷಯವನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಜಾರಿಗೆ ಹೋದ ದಾರಿಯ ಡಿಕ್ರಿಗಳು ಹೆಚ್ಚಾಗಿ ಎಡವುವುದು ಇಲ್ಲೇ ಎಂಬುದು ನನ್ನ ಅನುಭವ. ಡಿಕ್ರಿಯಲ್ಲಿ ‘ಶೆಡ್ಯೂಲ್ ಬಿ (ಆಸ್ತಿ ವಿವರದ ಪಟ್ಟಿ) ದಾರಿ’ ಎಂದಿರುತ್ತದೆ. ಶೆಡ್ಯೂಲ್‌ನಲ್ಲಿ ‘ಸರ್ವೆ ನಂಬರಿನ ಪೂರ್ವದ ಅಂಚಿನಲ್ಲಿ’ ಎಂದಷ್ಟೇ ಇರುತ್ತದೆ. ಎಲ್ಲಿಂದ ಎಲ್ಲಿಗೆ, ಎಷ್ಟು ಉದ್ದ, ಯಾವ ಗಡಿಕಲ್ಲಿನಿಂದ ಅಳೆಯಬೇಕು ಎಂಬುದು ದಾವೆಯಲ್ಲಿ ಹಾಜರುಪಡಿಸಿದ ಕೈನಕ್ಷೆಯಲ್ಲಿ ಮಾತ್ರ ಉಳಿದಿರುತ್ತದೆ. ಅಮೀನರು ಜಾಗಕ್ಕೆ ಬಂದಾಗ ಎದುರಿನವರು ‘ದಾರಿ ಇದಲ್ಲ, ಆ ಧರೆಯ ಕೆಳಗಿನದು’ ಎಂದರೆ ಸಾಕು, ಅವರು ‘ಗುರುತಿಸಲಾಗಲಿಲ್ಲ’ ಎಂದು ಷರಾ ಬರೆದು ವಾರಂಟ್ ಹಿಂದಿರುಗಿಸುತ್ತಾರೆ. ಅಲ್ಲಿಗೆ ಮತ್ತೆ ನಾಲ್ಕು ತಿಂಗಳು. ಆದ್ದರಿಂದ ಡಿಕ್ರಿಯ ದೃಢೀಕೃತ ನಕಲಿಗೆ ನಕ್ಷೆ ಲಗತ್ತಾಗಿದೆಯೇ ಎಂದು ಈಗಲೇ ನೋಡಿ. ತೀರ್ಪಿನಲ್ಲಿ ನಕ್ಷೆಯ ಉಲ್ಲೇಖವಿದ್ದು ಡಿಕ್ರಿಯಲ್ಲಿ ಬಿಟ್ಟುಹೋಗಿದ್ದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 152ನೆಯ ಕಲಮಿನಡಿ ತಿದ್ದುಪಡಿ ಕೇಳಬಹುದು. ಎರಡೂ ಜಮೀನುಗಳ ಟಿಪ್ಪಣಿ (ಸರ್ವೆ ಇಲಾಖೆಯ ಅಳತೆ ದಾಖಲೆ), ಗ್ರಾಮ ನಕಾಶೆ ತೆಗೆಸಿಟ್ಟುಕೊಳ್ಳಿ.

ಉಲ್ಲಂಘನೆಯ ಸಾಕ್ಷ್ಯವನ್ನು ಇಂದಿನಿಂದಲೇ ಕಟ್ಟಿಕೊಳ್ಳಿ. ಬೀಗದ ಫೋಟೊ ಯಾವ ದಿನ, ಯಾರ ಮೊಬೈಲಿನಲ್ಲಿ ತೆಗೆದದ್ದು ಎಂದು ಬರೆದಿಡಿ, ಮೊಬೈಲನ್ನು ಮಾರಬೇಡಿ. ವಿದ್ಯುನ್ಮಾನ ಸಾಕ್ಷ್ಯಕ್ಕೆ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೆಯ ಕಲಮಿನ ಪ್ರಮಾಣಪತ್ರ ಬೇಕಾಗುತ್ತದೆ. ಕಳೆದ ಸಲ ದಾರಿ ಇಲ್ಲದೆ ಅಡಿಕೆಯನ್ನು ತಲೆಹೊರೆಯಲ್ಲಿ ಸಾಗಿಸಿದ್ದರೆ ಆ ಕೂಲಿಯ ಲೆಕ್ಕ ಇಟ್ಟುಕೊಳ್ಳಿ. ಬೀಗ ನೋಡಿ ವಾಪಸು ಹೋದ, ಅಡಿಕೆ ಕೊಯ್ಯುವ ಕೊನೆಗೌಡನೇ ಒಳ್ಳೆಯ ಸಾಕ್ಷಿ. ನೆಂಟರಿಗಿಂತ ಅವನ ಮಾತಿಗೆ ನ್ಯಾಯಾಲಯದಲ್ಲಿ ತೂಕ ಹೆಚ್ಚು.

ನೀವು ಕೇಳದ ಒಂದು ಮಾತನ್ನೂ ಹೇಳಬೇಕು. ಒಂದು ಬಗೆಯ ದಾರಿಯ ಹಕ್ಕು ಇನ್ನೊಂದು ಬಗೆಯದನ್ನು ಒಳಗೊಳ್ಳುವುದಿಲ್ಲ ಎಂದು ಈಸ್‌ಮೆಂಟ್ ಕಾಯ್ದೆಯ 28ನೆಯ ಕಲಮು ಹೇಳುತ್ತದೆ. ಕಾಲುದಾರಿಯ ಡಿಕ್ರಿ ಹಿಡಿದು ಪಿಕಪ್ ಓಡಿಸಲಾಗದು. ನಿಮ್ಮದು ಗಾಡಿದಾರಿಯಾದ್ದರಿಂದ ಪರವಾಗಿಲ್ಲ, ಆದರೆ ಹತ್ತು ಅಡಿ ಎಂದರೆ ಹತ್ತೇ ಅಡಿ. ಅಗಳ ಮುಚ್ಚುವಾಗ ಜೆಸಿಬಿಯವನು ಹನ್ನೆರಡು ಅಡಿ ಸಮ ಮಾಡಿಕೊಟ್ಟರೆ ಖುಷಿಪಡಬೇಡಿ. ಆ ಎರಡು ಅಡಿ ಅವರಿಗೆ ಹೊಸ ದಾವೆಯ ಬಂಡವಾಳವಾಗುತ್ತದೆ. ಮುಂದೆ ದಾರಿಗೆ ಮಣ್ಣು, ಜಲ್ಲಿ ಹಾಕುವ ಖರ್ಚು ನಿಮ್ಮದೇ.

ಎಷ್ಟು ಕಾಲ ಹಿಡಿಯುತ್ತದೆ? ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಮುಗಿಸಬೇಕೆಂದು ಸುಪ್ರೀಂ ಕೋರ್ಟ್ 2021ರ ಏಪ್ರಿಲ್‌ನಲ್ಲಿ ಹೇಳಿತು. 2025ರಲ್ಲಿ ಅದನ್ನೇ ಮತ್ತೆ ಒತ್ತಿ ಹೇಳಿ ಎಲ್ಲ ಹೈಕೋರ್ಟ್‌ಗಳಿಂದ ಲೆಕ್ಕ ಕೇಳಿತು. ದೇಶದಲ್ಲಿ 8.8 ಲಕ್ಷಕ್ಕೂ ಹೆಚ್ಚು ಜಾರಿ ಅರ್ಜಿಗಳು ಬಾಕಿ ಇವೆ ಎಂದು ಆಗ ಹೊರಬಿತ್ತು. ಹಾಗಾಗಿ ಆರು ತಿಂಗಳಿಗೇ ಮುಗಿಯುತ್ತದೆ ಎಂದು ನಾನು ಭರವಸೆ ಕೊಡಲಾರೆ. ಆದರೂ ಆ ತೀರ್ಪುಗಳನ್ನು ಉಲ್ಲೇಖಿಸಿ ಒಂದು ಮೆಮೊ ಹಾಕಿಸಿ. ಎರಡು ತಿಂಗಳ ಮುಂದಿನ ದಿನಾಂಕ ಮೂರು ವಾರಕ್ಕೆ ಇಳಿದದ್ದನ್ನು ಕಂಡಿದ್ದೇನೆ. ಕಮಿಷನರ್ ಅಳತೆ ಮಳೆಗಾಲಕ್ಕೆ ಬೀಳದಂತೆಯೂ ನೋಡಿಕೊಳ್ಳಿ. ಜುಲೈನಲ್ಲಿ ಅಗಳ ತುಂಬ ನೀರಿರುವಾಗ ಯಾವ ಸರ್ವೇಯರ್ ಸರಪಳಿ ಹಿಡಿದಾನು?

ಅರ್ಜಿಯ ನೋಟಿಸ್ ಮುಟ್ಟಿದ ಮೇಲೆ ಮಕ್ಕಳು ರಾಜಿಗೆ ಬರಬಹುದು, ಬಹಳ ಸಲ ಬರುತ್ತಾರೆ. ‘ದಾರಿಯನ್ನು ಸ್ವಲ್ಪ ಆಚೆ ಸರಿಸೋಣ, ನಮಗೂ ಬೇಲಿ ನೇರವಾಗುತ್ತದೆ’ ಎನ್ನಬಹುದು. ನಿಮಗೆ ಅನುಕೂಲವಾದರೆ ಒಪ್ಪಿಕೊಳ್ಳಿ, ಅದರಲ್ಲಿ ಸೋಲೇನಿಲ್ಲ. ಆದರೆ ಪಂಚರ ಎದುರು ಕೈ ಕುಲುಕಿ ಬಂದುಬಿಡಬೇಡಿ. ನ್ಯಾಯಾಲಯದಲ್ಲಿ ದಾಖಲಾಗದ ಹೊಂದಾಣಿಕೆಯನ್ನು ಜಾರಿ ನ್ಯಾಯಾಲಯ ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ಹೊಸ ಜಾಗದ ಮೇಲೆ ಹಕ್ಕು ಹುಟ್ಟುವುದರಿಂದ ಅದಕ್ಕೆ ನಕ್ಷೆ ಸಮೇತ ನೋಂದಾಯಿತ ಪತ್ರವೂ ಬೇಕು. ಆ ಪತ್ರ ನೋಂದಣಿಯಾಗುವವರೆಗೆ ಅಮಲ್ಜಾರಿ ಅರ್ಜಿಯನ್ನು ಹಿಂತೆಗೆದುಕೊಳ್ಳಬೇಡಿ. ರಾಜಿ ಮಾತಿನಲ್ಲೇ ಏಳು ತಿಂಗಳು ಕಳೆಸುವುದು ಎದುರಿನವರಿಗೆ ಎಲ್ಲಕ್ಕಿಂತ ಅಗ್ಗದ ದಾರಿ.

ಅಗಳ ಮುಚ್ಚಿದ ದಿನ ಅಮೀನರು ಮಹಜರು ಬರೆಯುತ್ತಾರೆ. ಸಹಿ ಮಾಡುವ ಮೊದಲು ಪೂರ್ತಿ ಓದಿ. ‘ಡಿಕ್ರಿ ಸಂಪೂರ್ಣ ತೀರಿದೆ’ ಎಂದಿದ್ದರೆ ಒಪ್ಪಬೇಡಿ. ‘ಅಗಳ ಮುಚ್ಚಿ, ಬೇಲಿ, ಉಣಗೋಲು, ಬೀಗ ತೆರವು ಮಾಡಲಾಗಿದೆ’ ಎಂದಷ್ಟೇ ಇರಲಿ. ತೀರಿದ್ದು ‘ತೆಗೆಯಬೇಕು’ ಎಂಬ ಸಾಲು ಮಾತ್ರ. ಅಮೀನರ ಜೀಪು ಊರ ತಿರುವು ದಾಟುವ ಮೊದಲೇ ಮತ್ತೆ ಬೀಗ ಹಾಕಿದವರನ್ನು ನಾನು ಕಂಡಿದ್ದೇನೆ. ಹಾಗಾದರೆ ಹೊಸ ದಾವೆ ಬೇಕಿಲ್ಲ. ಅದೇ ಡಿಕ್ರಿಯ ಮೇಲೆ, ಆ ಹೊಸ ಬೀಗದ ಫೋಟೊ ಹಚ್ಚಿ, ಇನ್ನೊಂದು ಅಮಲ್ಜಾರಿ ಅರ್ಜಿ ಹಾಕಿ.